ಬೆಣ್ಣೆಯ ಬೆಲೆ ಎಲ್ಲಿ ನಿಶ್ಚಯವಾಗುತ್ತದೆ: ಗದಗ ಸೀಮೆಯ ಹಾಲಿನ ಜಿಡ್ಡು ಮತ್ತು ಹೊರಗಿನ ಪೇಟೆ

ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ ಮತ್ತು ಮುಂಡರಗಿಯ ಸೀಮೆಯಲ್ಲಿ ಬೆಣ್ಣೆಗೆ ಎರಡು ಪೇಟೆಗಳಿವೆ. ಹೆಪ್ಪು ಹಾಕಿದ ಮೊಸರನ್ನು ಕಡಗೋಲಿನಿಂದ ಕಡೆದು ತೆಗೆದ ಬೆಣ್ಣೆಯು ನೆರೆಮನೆಗೆ, ವಾರದ ಸಂತೆಗೆ, ಖಾನಾವಳಿಗೆ ಸಾಗುವುದು ಹಳೆಯ ಪೇಟೆ. ಹಸಿ ಹಾಲಿನಿಂದ ಯಂತ್ರವು ಬೇರ್ಪಡಿಸಿದ ಕೆನೆಯು ಡೇರಿಯಲ್ಲಿ ಬೆಣ್ಣೆಯಾಗಿ, ಶೈತ್ಯಾಗಾರದಲ್ಲಿ ತಿಂಗಳುಗಟ್ಟಲೆ ಕಾದು, ಪೊಟ್ಟಣವಾಗಿಯೋ ತುಪ್ಪವಾಗಿಯೋ ಅದೇ ಊರುಗಳ ಅಂಗಡಿಗೆ ಮರಳಿ ಬರುವುದು ಹೊಸ ಪೇಟೆ. ಮೊದಲನೆಯದರಲ್ಲಿ ಬೆಲೆಯನ್ನು ಮಾರುವವರೂ ಕೊಳ್ಳುವವರೂ ಎದುರುಬದುರು ನಿಂತು ಕುದುರಿಸುತ್ತಾರೆ. ಎರಡನೆಯದರಲ್ಲಿ ಬೆಲೆಯು ಗದಗಿನಲ್ಲಾಗಲಿ ಧಾರವಾಡದಲ್ಲಾಗಲಿ ಪೂರ್ತಿಯಾಗಿ ನಿಶ್ಚಯವಾಗುವುದಿಲ್ಲ. ಹಾಲಿನ ಪುಡಿಯ ಮಾರುಕಟ್ಟೆ, ಕೇಂದ್ರ ಸರ್ಕಾರದ ಆಮದು ಸುಂಕ ಮತ್ತು ನ್ಯೂಜಿಲೆಂಡಿನ ಹರಾಜು, ಈ ಮೂರೂ ಅದರಲ್ಲಿ ಕೈಯಾಡಿಸುತ್ತವೆ. ಹೊರಗಿನ ಬೆಣ್ಣೆ ಒಳಬರಬೇಕೆ ಬೇಡವೆ ಎಂಬ ರಾಷ್ಟ್ರಮಟ್ಟದ ಚರ್ಚೆಯಲ್ಲಿ ಈ ನಾಲ್ಕು ಊರುಗಳ ಹೈನುಗಾರರ ಹಿತ ಎಲ್ಲಿದೆ ಎಂಬುದು ಇಲ್ಲಿನ ವಿಚಾರ.

ಮೊದಲು ಪದಾರ್ಥದ ವ್ಯಾಖ್ಯೆ. ಆಹಾರ ಸಂಹಿತೆಗಳ ಅಂತರರಾಷ್ಟ್ರೀಯ ಆಯೋಗವಾದ ಕೋಡೆಕ್ಸ್‌ನ ಮಾನದಂಡದಂತೆ ಬೆಣ್ಣೆಯಲ್ಲಿ ಹಾಲಿನ ಜಿಡ್ಡು ಕನಿಷ್ಠ ಶೇ. 80ರಷ್ಟಿರಬೇಕು, ನೀರು ಶೇ. 16ನ್ನು ಮೀರಬಾರದು. ಭಾರತದ ಆಹಾರ ಸುರಕ್ಷತಾ ನಿಯಮಗಳೂ ಉಪ್ಪು ಬೆರೆಸಿದ ಟೇಬಲ್ ಬೆಣ್ಣೆಗೆ ಇದೇ ಶೇ. 80ರ ಮಿತಿಯನ್ನು ಹಾಕುತ್ತವೆ. ಆದರೆ ಅಡುಗೆಗೆ ಮತ್ತು ತುಪ್ಪ ಕಾಯಿಸಲು ಬಳಸುವ ಬಿಳಿ ಬೆಣ್ಣೆಗೆ ಶೇ. 76ರಷ್ಟು ಜಿಡ್ಡು ಸಾಕು. ಈ ನಾಲ್ಕು ಅಂಶಗಳ ವ್ಯತ್ಯಾಸ ಸಣ್ಣದಲ್ಲ. ಕೈಯಿಂದ ಕಡೆದ ಬೆಣ್ಣೆಯಲ್ಲಿ ನೀರಿನ ಪಾಲು ಸಹಜವಾಗಿಯೇ ಹೆಚ್ಚಿರುವುದರಿಂದ, ಶಿರಹಟ್ಟಿಯ ಸಂತೆಯಲ್ಲಿ ಎಲ್ಲರೂ ಬೆಣ್ಣೆಯೆಂದೇ ಒಪ್ಪುವ ಮುದ್ದೆಯು ವಿಶ್ವ ವ್ಯಾಪಾರದ ಸುಂಕದ ಪಟ್ಟಿಯಲ್ಲಿ ಬೆಣ್ಣೆ ಎನಿಸಿಕೊಳ್ಳದೆ ಹೋಗಬಹುದು. ಅದೇ ಪಟ್ಟಿಯಲ್ಲಿ ಬೆಣ್ಣೆಯ ಪಕ್ಕದಲ್ಲೇ ‘ಡೇರಿ ಸ್ಪ್ರೆಡ್’ ಎಂಬ ಇನ್ನೊಂದು ಸರಕಿದೆ. ಬ್ರೆಡ್ಡಿನ ಮೇಲೆ ಸವರಲು ಬರುವಷ್ಟು ಮೆದುವಾದ, ಹಾಲಿನ ಜಿಡ್ಡನ್ನಷ್ಟೇ ಹೊಂದಿದ, ಆದರೆ ಬೆಣ್ಣೆಗಿಂತ ಕಡಿಮೆ ಜಿಡ್ಡಿನ ಪದಾರ್ಥವೆಂದು ಅದರ ಅರ್ಥ. ಸುಂಕದ ಪಟ್ಟಿ ಅದರ ಜಿಡ್ಡನ್ನು ಶೇ. 39ರಿಂದ 80ರ ನಡುವೆ ಇಟ್ಟರೆ, ಕೋಡೆಕ್ಸ್ 2006ರ ಮಾನದಂಡದಲ್ಲಿ ಶೇ. 10ರವರೆಗೂ ಇಳಿಯಲು ಬಿಟ್ಟಿದೆ.

ಬೆಣ್ಣೆಯ ಅರ್ಥಶಾಸ್ತ್ರವನ್ನು ಬೆಣ್ಣೆಯೊಂದನ್ನೇ ನೋಡಿ ತಿಳಿಯಲಾಗದು. ಹಾಲಿನಲ್ಲಿ ಜಿಡ್ಡಿನಂಶ ಮತ್ತು ಜಿಡ್ಡೇತರ ಘನಾಂಶ, ಅಂದರೆ ಪ್ರೋಟೀನು, ಸಕ್ಕರೆ ಮತ್ತು ಖನಿಜಗಳ ಭಾಗ, ಎಂಬ ಎರಡು ಬೆಲೆಯುಳ್ಳ ಪಾಲುಗಳಿವೆ. ಮಾರಿ ಉಳಿದ ಹಾಲನ್ನು ಡೇರಿ ಕೆಡದಂತೆ ಇಡಬೇಕಾದಾಗ ಕೆನೆಯನ್ನು ತೆಗೆದು ಬೆಣ್ಣೆ ಮಾಡುತ್ತದೆ, ಉಳಿದುದನ್ನು ಒಣಗಿಸಿ ಕೆನೆರಹಿತ ಹಾಲಿನ ಪುಡಿ ಮಾಡುತ್ತದೆ. ಶೇ. 3.5 ಜಿಡ್ಡು ಮತ್ತು ಶೇ. 8.5 ಜಿಡ್ಡೇತರ ಘನಾಂಶವಿರುವ 100 ಕಿಲೊ ಆಕಳ ಹಾಲಿನಿಂದ ಸುಮಾರು 4.2 ಕಿಲೊ ಬೆಣ್ಣೆಯೂ ಒಂಬತ್ತು ಕಿಲೊಗೆ ಸಮೀಪದ ಪುಡಿಯೂ ಸಿಗುತ್ತವೆ. ಒಂದನ್ನು ಬಿಟ್ಟು ಇನ್ನೊಂದನ್ನು ತಯಾರಿಸಲು ಬಾರದು. ಆದಕಾರಣ ಬೆಣ್ಣೆಗೆ ಎಷ್ಟೇ ಬೇಡಿಕೆಯಿದ್ದರೂ ಪುಡಿಯ ದಾಸ್ತಾನು ಗೋದಾಮಿನಲ್ಲಿ ಕೊಳೆಯುತ್ತಿದ್ದರೆ ಹಾಲಿನ ದರ ಏರದು. ಪುಡಿ ಮಾರಿಹೋಗಿ ಬೆಣ್ಣೆ ಉಳಿದರೂ ಫಲ ಅದೇ.

ಈ ಲೆಕ್ಕವನ್ನು ಹಳ್ಳಿಯ ಡೇರಿಗೆ ಇಳಿಸಿದರೆ ಒಂದು ಮಹತ್ವದ ಸಂಗತಿ ಕಾಣುತ್ತದೆ. ಸಗಟು ಪೇಟೆಯಲ್ಲಿ ಬೆಣ್ಣೆಯ ದರ ಕಿಲೊಗೆ 10 ರೂಪಾಯಿ ಕುಸಿದರೆ 100 ಕಿಲೊ ಆಕಳ ಹಾಲಿನ ಮೌಲ್ಯದಲ್ಲಿ 42 ರೂಪಾಯಿ, ಎಂದರೆ ಕಿಲೊ ಹಾಲಿಗೆ 42 ಪೈಸೆ ಕಡಿಮೆಯಾಗುತ್ತದೆ. ಶೇ. 7 ಜಿಡ್ಡಿನ ಎಮ್ಮೆಯ ಹಾಲಿನಲ್ಲಿ ಬೆಣ್ಣೆಯ ಪ್ರಮಾಣ ಇಮ್ಮಡಿಯಾದ್ದರಿಂದ ನಷ್ಟವೂ 84 ಪೈಸೆಯ ಆಸುಪಾಸಿಗೆ ಏರುತ್ತದೆ, ದರ ಏರಿದಾಗ ಲಾಭವೂ ಹಾಗೆಯೇ. ಬೆಣ್ಣೆಯ ಪೇಟೆಯ ಏರಿಳಿತಕ್ಕೆ ಆಕಳು ಕಟ್ಟಿದವರಿಗಿಂತ ಎಮ್ಮೆ ಕಟ್ಟಿದವರು ಎರಡು ಪಟ್ಟು ಒಡ್ಡಿಕೊಂಡಿರುತ್ತಾರೆ. ಗದಗ ಸೀಮೆ ಮೊದಲಿನಿಂದ ಎಮ್ಮೆಯ ಸೀಮೆ ಎಂಬುದನ್ನು ನೆನೆದರೆ, ದೂರದ ಸುಂಕದ ಚರ್ಚೆ ಇಲ್ಲಿನ ಕೊಟ್ಟಿಗೆಗೆ ಎಷ್ಟು ಹತ್ತಿರದ್ದೆಂಬುದು ಸ್ಪಷ್ಟವಾಗುತ್ತದೆ.

ಕಾರ್ಖಾನೆಯ ಬೆಣ್ಣೆ ಭಾರತದಲ್ಲಿ ಮಹಾನಗರಗಳ ರುಚಿಯಾಗಿ ಆರಂಭವಾಯಿತು. ಸ್ವಾತಂತ್ರ್ಯಪೂರ್ವದ ಮುಂಬಯಿಯಲ್ಲಿ ಪೋಲ್ಸನ್ ಕಂಪನಿಯ ಬೆಣ್ಣೆಯೇ ಪ್ರಮಾಣವೆನಿಸಿತ್ತು. ಗುಜರಾತಿನ ಆಣಂದದಲ್ಲಿ ಅದರ ಹಾಲು ಖರೀದಿಯ ಏಕಸ್ವಾಮ್ಯವನ್ನು ವಿರೋಧಿಸಿ 1946ರಲ್ಲಿ ಹುಟ್ಟಿದ ಖೇಡಾ ಜಿಲ್ಲಾ ಸಹಕಾರಿ ಒಕ್ಕೂಟ ಮುಂದೆ ‘ಅಮುಲ್’ ಹೆಸರಿನಲ್ಲಿ ತನ್ನದೇ ಬೆಣ್ಣೆಯನ್ನು ಹೊರತಂದಿತು. ಹುಳಿಗೆ ಬಂದ ಕೆನೆಯಿಂದ ತಯಾರಾಗುತ್ತಿದ್ದ ಪೋಲ್ಸನ್ ಬೆಣ್ಣೆಯ ಘಾಟು ವಾಸನೆಗೆ ಒಗ್ಗಿದ್ದ ಗ್ರಾಹಕರಿಗೆ ತಾಜಾ ಕೆನೆಯ ಅಮುಲ್ ಸಪ್ಪೆಯೆನಿಸಿತು. ಎಮ್ಮೆಯ ಹಾಲಿನದಾದ್ದರಿಂದ ಅದರ ಬಣ್ಣವೂ ಬಿಳಿಯಾಗಿತ್ತು. ಕೊನೆಗೆ ಉಪ್ಪು, ಹಳದಿ ಬಣ್ಣ ಮತ್ತು ಹುಳಿಕೆನೆಯ ಪರಿಮಳ ಕೊಡುವ ಡೈಅಸಿಟೈಲ್ ಎಂಬ ವಸ್ತುವನ್ನು ಬೆರೆಸಿದ ಮೇಲೆಯೇ ಅದು ಗೆದ್ದಿತು. ಇಂದು ಗದಗಿನ ಕಿರಾಣಿ ಅಂಗಡಿಯಲ್ಲಿ ಬೆಣ್ಣೆ ಎಂದು ಕೇಳಿದರೆ ಸಿಗುವ ಹಳದಿ ಗಟ್ಟಿ ಯುರೋಪಿನ ಆಕಳ ಬೆಣ್ಣೆಯ ಅನುಕರಣೆಯೆಂಬುದನ್ನೂ, ರೊಟ್ಟಿಯ ಮೇಲೆ ಬೀಳುವ ಬಿಳಿ ಬೆಣ್ಣೆಗೆ ಇಂಥ ಯಾವ ಪ್ರಸಾಧನವೂ ಬೇಕಾಗಿರಲಿಲ್ಲವೆಂಬುದನ್ನೂ ಇಲ್ಲಿ ಹೇಳದೆ ಬಿಡಲಾಗದು.

ಅಂತರರಾಷ್ಟ್ರೀಯ ಬೆಣ್ಣೆ ಭಾರತದ ಹಳ್ಳಿಯನ್ನು ಮುಟ್ಟಿದ್ದು ವ್ಯಾಪಾರದ ಮೂಲಕವಲ್ಲ, ದಾನದ ಮೂಲಕ. ಯುರೋಪಿನ ಆರ್ಥಿಕ ಸಮುದಾಯವು ತನ್ನ ರೈತರಿಗೆ ಕೊಟ್ಟ ಬೆಂಬಲ ಬೆಲೆಯಿಂದಾಗಿ ಅಲ್ಲಿ ಕೊಳ್ಳುವವರಿಲ್ಲದ ಬೆಣ್ಣೆ ರಾಶಿಬಿದ್ದು, 1980ರ ದಶಕದ ನಡುವಿನ ಹೊತ್ತಿಗೆ ದಾಸ್ತಾನು ಹತ್ತು ಲಕ್ಷ ಟನ್ನನ್ನು ದಾಟಿತ್ತು. ಹಾಲಿನ ಉತ್ಪಾದನೆಗೇ ಮಿತಿ ಹೇರುವ ಕೋಟಾ ಪದ್ಧತಿಯನ್ನು 1984ರಲ್ಲಿ ತರಬೇಕಾಯಿತು, ಅದು 2015ರವರೆಗೆ ನಡೆಯಿತು. ಈ ಹೆಚ್ಚುವರಿಯ ಒಂದು ಭಾಗವು ಬೆಣ್ಣೆಯ ನೀರನ್ನು ತೆಗೆದು ಮಾಡುವ ಬಟರ್ ಆಯಿಲ್ ಹಾಗೂ ಪುಡಿಯ ರೂಪದಲ್ಲಿ 1970ರಲ್ಲಿ ಆರಂಭವಾದ ‘ಆಪರೇಷನ್ ಫ್ಲಡ್’ ಯೋಜನೆಗೆ ಬಂದಿತು. ಅವೆರಡನ್ನು ನೀರಿನೊಡನೆ ಮರುಜೋಡಿಸಿ ಮಹಾನಗರಗಳಲ್ಲಿ ಹಾಲಾಗಿ ಮಾರಿ, ಬಂದ ಹಣದಿಂದ ದೇಶದ ಹಾಲಿನ ಒಕ್ಕೂಟಗಳನ್ನು ಕಟ್ಟುವುದು ಯೋಜನೆಯ ರೂವಾರಿ ವರ್ಗೀಸ್ ಕುರಿಯನ್ ಅವರ ಉಪಾಯವಾಗಿತ್ತು. ದಾನದ ಬೆಣ್ಣೆ ಸ್ಥಳೀಯ ಜಿಡ್ಡಿನ ಬೆಲೆಯನ್ನು ತುಳಿಯುತ್ತದೆಂಬ ಆಕ್ಷೇಪವೂ ಆಗಲೇ ಎದ್ದಿತು. 1983ರಲ್ಲಿ ಕ್ಲಾಡ್ ಆಲ್ವಾರಿಸ್ ‘ಇಲಸ್ಟ್ರೇಟೆಡ್ ವೀಕ್ಲಿ’ಯಲ್ಲಿ ಬರೆದ ಟೀಕೆ ದೊಡ್ಡ ವಿವಾದವನ್ನೇ ಹುಟ್ಟಿಸಿತು. ಫಲಿತಾಂಶವನ್ನು ನೋಡಿದರೆ ಕುರಿಯನ್ನರ ಲೆಕ್ಕ ಬಹುಮಟ್ಟಿಗೆ ಸರಿಯಾಗಿತ್ತು, ಏಕೆಂದರೆ ಉಚಿತ ಸರಕನ್ನು ಖಾಸಗಿ ವ್ಯಾಪಾರಿಯ ಕೈಗೆ ಬಿಡದೆ ಒಂದೇ ಸಂಸ್ಥೆ ದರ ನೋಡಿಕೊಂಡು ಮಾರಿತು. ಆದರೆ ಆ ಯೋಜನೆಯ ದೃಷ್ಟಿ ನಗರಕ್ಕೆ ದ್ರವರೂಪದ ಹಾಲನ್ನು ಸಾಗಿಸುವುದರಲ್ಲೇ ನೆಟ್ಟಿದ್ದರಿಂದ ಹಳ್ಳಿಯ ಬೆಣ್ಣೆ ಮತ್ತು ತುಪ್ಪದ ಕಸುಬು ಅದರ ಪರಿಧಿಯಿಂದ ಹೊರಗೇ ಉಳಿಯಿತು.

ಕರ್ನಾಟಕದಲ್ಲಿ ವಿಶ್ವಬ್ಯಾಂಕಿನ ನೆರವಿನ ಹೈನುಗಾರಿಕೆ ನಿಗಮವು 1975ರಲ್ಲಿ ಕೆಲಸ ಆರಂಭಿಸಿ, 1984ರಲ್ಲಿ ಕರ್ನಾಟಕ ಹಾಲು ಮಹಾಮಂಡಳವಾಗಿ ಮಾರ್ಪಟ್ಟಿತು. ‘ನಂದಿನಿ’ ಅದರ ಮಾರಾಟದ ಹೆಸರು. ಧಾರವಾಡ ಹಾಲು ಒಕ್ಕೂಟ 1986ರಲ್ಲಿ ಸ್ಥಾಪನೆಯಾಯಿತು. ಅವಿಭಜಿತ ಧಾರವಾಡ ಜಿಲ್ಲೆಯ ಭಾಗವಾಗಿದ್ದ ಗದಗ 1997ರಲ್ಲಿ ಬೇರೆ ಜಿಲ್ಲೆಯಾದ ಮೇಲೂ ಇಲ್ಲಿನ ಹಾಲು ಧಾರವಾಡದ ಒಕ್ಕೂಟಕ್ಕೇ ಸಲ್ಲುತ್ತದೆ. ದೇಶದ ಮೊದಲ ಕೃಷಿ ಪತ್ತಿನ ಸಹಕಾರ ಸಂಘ 1905ರಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರ ಮುಂದಾಳುತನದಲ್ಲಿ ಹುಟ್ಟಿದ್ದು ಇದೇ ಗದಗ ತಾಲ್ಲೂಕಿನ ಕಣಗಿನಹಾಳದಲ್ಲಿ. ಸಾಲದಲ್ಲಿಯೂ ಹತ್ತಿಯಲ್ಲಿಯೂ ಸಹಕಾರವನ್ನು ಅಷ್ಟು ಬೇಗ ಕಲಿತ ಸೀಮೆಯು ಹಾಲಿನಲ್ಲಿ ಮಾತ್ರ ಹಿಂದುಳಿಯಿತೆಂಬುದು ವಿಚಿತ್ರವಾದರೂ ನಿಜ. ರಾಜ್ಯದ ಸಹಕಾರಿ ಹಾಲಿನ ಬಹುಪಾಲು ಬೆಂಗಳೂರು, ಕೋಲಾರ, ತುಮಕೂರು, ಹಾಸನ, ಮಂಡ್ಯಗಳ ಕಡೆಯಿಂದ ಬರುತ್ತದೆ.

ಮಹಾಮಂಡಳದ ದೊಡ್ಡ ತಲೆನೋವು ಹಾಲಿನ ಕೊರತೆಯಲ್ಲ, ಹೆಚ್ಚಳ. 2013ರ ಆಗಸ್ಟಿನಲ್ಲಿ ಆರಂಭವಾದ ‘ಕ್ಷೀರಭಾಗ್ಯ’ ಯೋಜನೆ ಶಾಲಾಮಕ್ಕಳಿಗೆ ಪುಡಿಯಿಂದ ಹಾಲು ಮಾಡಿಕೊಟ್ಟಿತು. ಮಕ್ಕಳ ಪೋಷಣೆ ಅದರ ಘೋಷಿತ ಉದ್ದೇಶ. ಪುಡಿಯ ದಾಸ್ತಾನಿಗೆ ಖಚಿತ ಕೊಳ್ಳುಗರೊಬ್ಬರು ಸಿಕ್ಕಿದ್ದು ಅದರ ಅಷ್ಟೇ ಮುಖ್ಯವಾದ ಪರಿಣಾಮ. 2024ರ ಜೂನಿನಲ್ಲಿ ಹಾಲಿನ ಶೇಖರಣೆ ದಿನಕ್ಕೆ ಒಂದು ಕೋಟಿ ಲೀಟರನ್ನು ಸಮೀಪಿಸಿದಾಗ ಪ್ರತಿ ಪೊಟ್ಟಣಕ್ಕೆ 50 ಮಿಲಿಲೀಟರ್ ಹಾಲನ್ನು ಸೇರಿಸಿ ಬೆಲೆಯನ್ನು 2 ರೂಪಾಯಿ ಏರಿಸಿದ ಕ್ರಮದ ಹಿಂದಿದ್ದದ್ದೂ ಇದೇ ತರ್ಕ: ಪುಡಿ ಮತ್ತು ಬೆಣ್ಣೆಯಾಗಿ ಕಾಯುವುದಕ್ಕಿಂತ ಹಾಲು ಹಾಲಾಗಿಯೇ ಖರ್ಚಾಗಲಿ ಎಂಬುದು.

ಇನ್ನು ಗಡಿಯ ಮಾತು. 1998ರಿಂದ ಭಾರತ ಜಗತ್ತಿನ ಅತಿದೊಡ್ಡ ಹಾಲು ಉತ್ಪಾದಕ ರಾಷ್ಟ್ರ. 2023–24ರಲ್ಲಿ ಉತ್ಪಾದನೆ 23.9 ಕೋಟಿ ಟನ್ನು. ತುಪ್ಪವನ್ನೂ ಸೇರಿಸಿ ಲೆಕ್ಕ ಹಾಕುವ ಅಮೆರಿಕದ ಕೃಷಿ ಇಲಾಖೆಯ ಅಂದಾಜಿನಂತೆ ಇಲ್ಲಿನ ಬೆಣ್ಣೆಯ ಉತ್ಪಾದನೆ ವರ್ಷಕ್ಕೆ 60 ಲಕ್ಷ ಟನ್ನನ್ನು ಮೀರುತ್ತದೆ, ಇದೂ ಜಗತ್ತಿನಲ್ಲೇ ಹೆಚ್ಚು. ಅದೇ ವರ್ಷ ದೇಶದಿಂದ ಹೊರಹೋದ ಎಲ್ಲ ಹಾಲಿನ ಉತ್ಪನ್ನಗಳ ಒಟ್ಟು ತೂಕ ಮಾತ್ರ 64 ಸಾವಿರ ಟನ್ನಿನೊಳಗೇ ಇತ್ತು, ಮೌಲ್ಯ ಸುಮಾರು 2,261 ಕೋಟಿ ರೂಪಾಯಿ. ತದ್ವಿರುದ್ಧವಾಗಿ ನ್ಯೂಜಿಲೆಂಡ್ ತನ್ನ ಹಾಲಿನ ಶೇ. 95ರಷ್ಟನ್ನು ರಫ್ತು ಮಾಡುತ್ತದೆ, ಅಲ್ಲಿನ ಸಹಕಾರಿ ಸಂಸ್ಥೆ ಫಾಂಟೆರಾ 2008ರಲ್ಲಿ ಆರಂಭಿಸಿದ ಆನ್‌ಲೈನ್ ಹರಾಜಿನ ದರವೇ ಜಗತ್ತಿಗೆ ಮಾನದಂಡ. ತಾನು ಮಾಡಿದ್ದನ್ನು ತಾನೇ ಉಣ್ಣುವ ದೇಶಕ್ಕೂ ಉಣ್ಣುವವರಿಗಿಂತ ಹೆಚ್ಚು ಮಾಡುವ ದೇಶಕ್ಕೂ ನಡುವಿನ ಗೋಡೆಯೇ ಆಮದು ಸುಂಕ.

ಬೆಣ್ಣೆಯ ಮೇಲೆ ಆ ಸುಂಕ ಶೇ. 40. ಪುಡಿಯ ವಿಷಯದಲ್ಲಿ ಭಾರತ ಹಿಂದೆ ಶೂನ್ಯ ಸುಂಕಕ್ಕೆ ಬದ್ಧವಾಗಿದ್ದು, ಆಮದಿನ ನಿರ್ಬಂಧಗಳು ಸಡಿಲವಾದಾಗ ಅಪಾಯವನ್ನರಿತು ಮರುಸಂಧಾನ ನಡೆಸಿ, ಮೊದಲ 10,000 ಟನ್ನಿಗೆ ಶೇ. 15, ಅದರಾಚೆಗೆ ಶೇ. 60 ಎಂದು ಬದಲಾಯಿಸಿಕೊಂಡಿತು. 2019ರ ನವೆಂಬರಿನಲ್ಲಿ ಹದಿನಾರು ರಾಷ್ಟ್ರಗಳ ಆರ್‌ಸಿಇಪಿ ವ್ಯಾಪಾರ ಒಪ್ಪಂದದಿಂದ ಭಾರತ ಹೊರನಡೆಯಲು ಹೈನುಗಾರರ ವಿರೋಧವೂ ಒಂದು ದೊಡ್ಡ ಕಾರಣವಾಯಿತು. 2022ರಲ್ಲಿ ಆಸ್ಟ್ರೇಲಿಯಾದೊಡನೆ, 2025ರ ಜುಲೈನಲ್ಲಿ ಬ್ರಿಟನ್ನಿನೊಡನೆ ಆದ ಒಪ್ಪಂದಗಳಲ್ಲಿಯೂ ಹಾಲಿನ ಉತ್ಪನ್ನಗಳನ್ನು ಹೊರಗಿಡಲಾಯಿತು. ಚರ್ಮಗಂಟು ರೋಗದಿಂದ 2022ರಲ್ಲಿ ರಾಸುಗಳು ಸತ್ತು ಹಾಲು ಕಡಿಮೆಯಾದ ಬಳಿಕ, 2023ರ ಏಪ್ರಿಲಿನಲ್ಲಿ ಕೇಂದ್ರದ ಪಶುಸಂಗೋಪನಾ ಇಲಾಖೆ ಅಗತ್ಯ ಬಿದ್ದರೆ ಬೆಣ್ಣೆ ಮತ್ತು ತುಪ್ಪವನ್ನು ಆಮದು ಮಾಡಿಕೊಳ್ಳುವ ಇಂಗಿತವನ್ನು ಪ್ರಕಟಿಸಿತು. ಶರದ್ ಪವಾರ್ ಮೊದಲಾದವರ ತೀವ್ರ ಆಕ್ಷೇಪದ ನಡುವೆ ಆ ವಿಚಾರ ಹಿಂದೆ ಸರಿಯಿತು.

ಈ ಗೋಡೆ ಬೇಕೆ ಎಂಬ ಪ್ರಶ್ನೆಗೆ ಎರಡು ವರ್ಷಗಳ ದರವನ್ನು ಹೋಲಿಸಿದರೆ ಉತ್ತರ ಸಿಗುತ್ತದೆ. 2015–16ರಲ್ಲಿ ಅಂತರರಾಷ್ಟ್ರೀಯ ಬೆಣ್ಣೆಯ ದರ ಟನ್ನಿಗೆ 3,000 ಡಾಲರಿನ ಆಸುಪಾಸಿಗೆ ಇಳಿದಿತ್ತು. ಅಂದಿನ ವಿನಿಮಯ ದರದಲ್ಲಿ ಅದು ಕಿಲೊಗೆ ಸುಮಾರು 200 ರೂಪಾಯಿ, ಶೇ. 40ರ ಸುಂಕ ಸೇರಿದರೆ 280. ಸುಂಕವಿಲ್ಲದಿದ್ದರೆ ಆ 80 ರೂಪಾಯಿಯ ಅಂತರ ನೇರವಾಗಿ ಎಮ್ಮೆಯ ಹಾಲಿನ ಖರೀದಿ ದರದ ಮೇಲೆ ಬೀಳುತ್ತಿತ್ತು. 2025ರ ಮೇ ತಿಂಗಳಲ್ಲಿ ಅದೇ ಬೆಣ್ಣೆ ಟನ್ನಿಗೆ 8,000 ಡಾಲರನ್ನು ಮುಟ್ಟುವಂತಾಗಿ ಕಿಲೊಗೆ 680 ರೂಪಾಯಿಯ ಸಗಟು ದರಕ್ಕೆ ಏರಿತು; ಆಗ ಅರ್ಧ ಕಿಲೊ ನಂದಿನಿ ಬೆಣ್ಣೆ ತೆರಿಗೆಯನ್ನೂ ಸೇರಿಸಿ ಚಿಲ್ಲರೆ ಅಂಗಡಿಯಲ್ಲಿ 305 ರೂಪಾಯಿಗೆ, ಎಂದರೆ ಕಿಲೊಗೆ 610ಕ್ಕೆ ದೊರೆಯುತ್ತಿತ್ತು. ಅಗ್ಗದ ವರ್ಷಗಳಲ್ಲಿ ಸುಂಕವಿಲ್ಲದೆ ಬದುಕುವುದು ಕಷ್ಟ, ತುಟ್ಟಿಯ ವರ್ಷಗಳಲ್ಲಿ ಸುಂಕ ಇದ್ದರೂ ಇಲ್ಲದಿದ್ದರೂ ಒಂದೇ. ಹೊರಗಿನ ದರದ ಈ ಹುಚ್ಚು ಕುಣಿತವೇ ಗೋಡೆಯನ್ನು ಉಳಿಸಿಕೊಳ್ಳಲು ಸಾಕಾದ ಕಾರಣ. ಬೆಣ್ಣೆಯ ರಾಜಧಾನಿಯಾದ ನ್ಯೂಜಿಲೆಂಡಿನಲ್ಲೇ ಆ ವರ್ಷ ಗ್ರಾಹಕರು ಬೆಣ್ಣೆಯ ಬೆಲೆಗೆ ಬೆಚ್ಚಿ ಗುಲ್ಲೆಬ್ಬಿಸಿದ್ದನ್ನು ರಫ್ತಿನ ಪಕ್ಷಪಾತಿಗಳು ಗಮನಿಸುವುದು ಒಳ್ಳೆಯದು.

ಗೋಡೆಯೊಳಗಿನ ದರವೂ ಸಂಪೂರ್ಣ ಸ್ವತಂತ್ರವಲ್ಲ. 2025ರ ಸೆಪ್ಟೆಂಬರ್ 22ರಿಂದ ಬೆಣ್ಣೆ, ತುಪ್ಪ ಮತ್ತು ಡೇರಿ ಸ್ಪ್ರೆಡ್‌ಗಳ ಮೇಲಿನ ಜಿಎಸ್‌ಟಿ ಶೇ. 12ರಿಂದ 5ಕ್ಕೆ ಇಳಿದು, ನಂದಿನಿ ತುಪ್ಪ ಲೀಟರಿಗೆ 650ರಿಂದ 610 ರೂಪಾಯಿಗೆ ಬಂದಿತು. ನವೆಂಬರಿನ ಮೊದಲ ವಾರದಲ್ಲಿ ಅದು 700 ರೂಪಾಯಿಯಾಯಿತು. ತೆರಿಗೆ ಇಳಿಕೆಯ ಲಾಭ ಗ್ರಾಹಕರ ಕೈಯಲ್ಲಿ ಎರಡು ತಿಂಗಳೂ ಉಳಿಯಲಿಲ್ಲ.

ಇಷ್ಟು ಹಿನ್ನೆಲೆಯೊಡನೆ ನಾಲ್ಕು ಊರುಗಳ ಕಡೆ ತಿರುಗಿದರೆ, ಇಲ್ಲಿನ ಹೈನಿನ ಸ್ವರೂಪ ದಕ್ಷಿಣದ ಜಿಲ್ಲೆಗಳದಕ್ಕಿಂತ ಬೇರೆಯೆಂಬುದು ಎದ್ದು ಕಾಣುತ್ತದೆ. ಮುಂಡರಗಿಯ ಕೆಲಭಾಗಕ್ಕೆ ತುಂಗಭದ್ರೆಯ ಸಿಂಗಟಾಲೂರು ಏತ ನೀರಾವರಿಯ ಆಸರೆಯಿದ್ದರೂ, ಕಪ್ಪತಗುಡ್ಡದ ಸುತ್ತಲಿನ ಶಿರಹಟ್ಟಿಯ ಮಡ್ಡಿ ನೆಲವೂ ಲಕ್ಷ್ಮೇಶ್ವರ ಮತ್ತು ಗದಗಿನ ಎರೆಭೂಮಿಯೂ ಬಹುಮಟ್ಟಿಗೆ ಮಳೆಯನ್ನೇ ನಂಬಿವೆ. ವರ್ಷವಿಡೀ ಹಸಿ ಮೇವು ಬೇಡುವ ಮಿಶ್ರತಳಿ ಆಕಳಿಗೆ ಈ ನೆಲ ಅನುಕೂಲವಲ್ಲ. ಜೋಳದ ಕಣಿಕೆ, ಶೇಂಗಾ ಹೊಟ್ಟು, ಹತ್ತಿಕಾಳುಗಳಲ್ಲಿ ಬದುಕುವ ಎಮ್ಮೆಗೆ ಅನುಕೂಲ. ಗದಗವನ್ನೂ ಒಳಗೊಂಡ ಉತ್ತರ ಕರ್ನಾಟಕದ ಜಿಲ್ಲೆಗಳಲ್ಲಿರುವ ‘ಧಾರವಾಡಿ’ ಎಮ್ಮೆಗೆ ರಾಷ್ಟ್ರೀಯ ಪಶು ಆನುವಂಶಿಕ ಸಂಪನ್ಮೂಲ ಬ್ಯೂರೋ ಪ್ರತ್ಯೇಕ ತಳಿಯ ಮಾನ್ಯತೆ ಕೊಟ್ಟಿದೆ. ಒಂದು ಸೂಲಿಗೆ ಸುಮಾರು ಸಾವಿರ ಲೀಟರಿನಷ್ಟೇ ಹಾಲು, ಆದರೆ ಜಿಡ್ಡು ಶೇ. 7ರ ಆಸುಪಾಸು. ಇದು ಲೀಟರಿನ ಪ್ರಾಣಿಯಲ್ಲ, ಬೆಣ್ಣೆಯ ಪ್ರಾಣಿ.

ರಾಜ್ಯದ ನೀತಿಯಾದರೋ ಲೀಟರನ್ನೇ ಅಳೆಯುತ್ತದೆ. 2008ರಲ್ಲಿ ಲೀಟರಿಗೆ 2 ರೂಪಾಯಿಯಂತೆ ಆರಂಭವಾಗಿ 5 ರೂಪಾಯಿಗೆ ಏರಿದ ಪ್ರೋತ್ಸಾಹಧನವನ್ನು ಹಾಲಿನ ಪ್ರಮಾಣಕ್ಕೆ ಕೊಡಲಾಗುತ್ತದೆಯೇ ಹೊರತು ಜಿಡ್ಡಿಗೆ ಅಲ್ಲ. ಇದರಿಂದ ಶೇ. 3.5ರ ಹಾಲಿನಲ್ಲಿರುವ ಒಂದು ಕಿಲೊ ಜಿಡ್ಡಿಗೆ ಸರಿಸುಮಾರು 143 ರೂಪಾಯಿ ಸರ್ಕಾರಿ ಸಹಾಯ ದೊರೆತರೆ, ಶೇ. 7ರ ಹಾಲಿನಲ್ಲಿರುವ ಅದೇ ಒಂದು ಕಿಲೊಗೆ ಅದರ ಅರ್ಧ ಮಾತ್ರ ದೊರೆಯುತ್ತದೆ. ಖರೀದಿ ದರದಲ್ಲಿ ಜಿಡ್ಡಿಗೆ ಹೆಚ್ಚುವರಿ ಬೆಲೆಯಿದೆ, ನಿಜ. ಆದರೆ ಸಹಾಯಧನದ ಒಲವು ಎತ್ತ ಕಡೆಗಿದೆಯೆಂಬುದನ್ನು ಈ ಲೆಕ್ಕ ಮುಚ್ಚಿಡುವುದಿಲ್ಲ.

ಹತ್ತಿಯ ನಂಟು ಇಲ್ಲಿ ಇನ್ನೊಂದು ತೊಡಕನ್ನು ತರುತ್ತದೆ. ಗದಗ ಹಳೆಯ ಹತ್ತಿಪೇಟೆ, ಹತ್ತಿಕಾಳು ಮತ್ತು ಅದರ ಹಿಂಡಿ ಎಮ್ಮೆಗೆ ಪ್ರಿಯವಾದ ಮೇವು. ಅದನ್ನು ಹೆಚ್ಚಾಗಿ ಮೇಯಿಸಿದಾಗ ಬೆಣ್ಣೆ ಗಟ್ಟಿಯಾಗುತ್ತದೆ, ಕರಗುವ ಉಷ್ಣತೆ ಏರುತ್ತದೆ, ತುಪ್ಪದ ಶುದ್ಧತೆಯನ್ನು ಅಳೆಯುವ ಆರ್‌ಎಂ ಮೌಲ್ಯ, ಎಂದರೆ ಆವಿಯಾಗಬಲ್ಲ ಸಣ್ಣ ಕೊಬ್ಬಿನಾಮ್ಲಗಳ ಪ್ರಮಾಣದ ಸೂಚಿ, ತಗ್ಗುತ್ತದೆ. ಅಪ್ಪಟ ತುಪ್ಪವೂ ಪ್ರಯೋಗಾಲಯದಲ್ಲಿ ಕಲಬೆರಕೆಯಂತೆ ತೋರುವ ಸಂಭವವಿರುವುದರಿಂದಲೇ ಹಿಂದಿನ ಆಹಾರ ಕಲಬೆರಕೆ ತಡೆ ನಿಯಮಗಳು ಹತ್ತಿಕಾಳು ಮೇಯಿಸುವ ಪ್ರದೇಶಗಳಿಗೆ ಬೇರೆ ಅಳತೆಯನ್ನು ಗೊತ್ತುಪಡಿಸಿದ್ದವು. ವನಸ್ಪತಿಯಲ್ಲಿ ಶೇ. 5ರಷ್ಟು ಎಳ್ಳೆಣ್ಣೆ ಇರಬೇಕೆಂಬ ನಿಯಮದ ಉದ್ದೇಶವೂ ಕಲಬೆರಕೆಯ ಪತ್ತೆಯೇ. ಎಳ್ಳೆಣ್ಣೆಯ ಗುರುತು ಸರಳ ಪರೀಕ್ಷೆಯಲ್ಲಿ ಕೆಂಪು ಬಣ್ಣವಾಗಿ ಕಾಣಿಸುತ್ತದೆ. ಶುದ್ಧತೆಯ ಬೆಲೆ ಎಷ್ಟೆಂಬುದಕ್ಕೆ ತಿರುಮಲ ದೇವಾಲಯದ ಪ್ರಸಂಗ ಸಾಕ್ಷಿ: 2023ರಲ್ಲಿ ಕಡಿಮೆ ದರಕ್ಕೆ ತುಪ್ಪ ಕೊಡಲಾಗದೆಂದು ಮಹಾಮಂಡಳ ಹಿಂದೆ ಸರಿಯಿತು, 2024ರಲ್ಲಿ ಮತ್ತೆ ಪೂರೈಕೆ ಆರಂಭಿಸಿತು, ಅದೇ ಸೆಪ್ಟೆಂಬರಿನಲ್ಲಿ ಲಡ್ಡುವಿನ ತುಪ್ಪದ ಗುಣಮಟ್ಟದ ವಿವಾದ ದೇಶವನ್ನೆಲ್ಲ ವ್ಯಾಪಿಸಿತು. ಕರ್ನಾಟಕ ಸರ್ಕಾರ ಆ ಬಳಿಕ ಮುಜರಾಯಿ ದೇವಾಲಯಗಳಲ್ಲಿ ನಂದಿನಿ ತುಪ್ಪವನ್ನೇ ಬಳಸಲು ಆದೇಶಿಸಿತು.

ಸ್ಪ್ರೆಡ್‌ಗಳ ವಿಷಯ ಈ ಸೀಮೆಗೆ ಸದ್ಯಕ್ಕೆ ದೂರದ್ದು. ಗದಗ-ಬೆಟಗೇರಿಯ ಅಂಗಡಿಗಳಾಚೆ ಅವುಗಳಿಗೆ ಹೇಳಿಕೊಳ್ಳುವಂಥ ಬೇಡಿಕೆಯಿಲ್ಲ. ರೊಟ್ಟಿಗೆ ಅವು ಹೊಂದುವುದೂ ಇಲ್ಲ. ಹಾಲಿನ ಜಿಡ್ಡಿಗೆ ನಿಜವಾದ ಪೈಪೋಟಿ ಬರುವುದು ಬೇಕರಿ ಮತ್ತು ಹೋಟೆಲುಗಳಲ್ಲಿ ಬೆಣ್ಣೆಯ ಜಾಗ ಹಿಡಿದಿರುವ, ತಾಳೆಯೆಣ್ಣೆಯಂಥ ಆಮದಿನ ಎಣ್ಣೆಗಳಿಂದಾದ ಮಾರ್ಗರಿನ್‌ನಿಂದ. ಬೆಣ್ಣೆಗೆ ಕಟ್ಟಿದ ಗೋಡೆಯನ್ನು ತಾಳೆಯೆಣ್ಣೆ ಪಕ್ಕದ ಬಾಗಿಲಿನಿಂದ ದಾಟಿ ಬಂದಿದೆ, ಆದರೂ ಹೈನಿನ ಚರ್ಚೆಯಲ್ಲಿ ಅದರ ಹೆಸರೇ ಕೇಳಿಬರದು.

ಹಳೆಯ ಪೇಟೆಯ ಒಂದು ಗುಣವನ್ನೂ ತೂಗಬೇಕು. ಮನೆಯಲ್ಲಿ ಕಡೆದಾಗ ಬೆಣ್ಣೆ ಮಾರಾಟಕ್ಕೆ ಹೋದರೂ ಪ್ರೋಟೀನುಳ್ಳ ಮಜ್ಜಿಗೆ ಮನೆಯ ಮಕ್ಕಳಿಗೆ, ಹೊಲದ ಆಳುಗಳಿಗೆ ಉಳಿಯುತ್ತಿತ್ತು, ಬೆಣ್ಣೆಯ ದುಡ್ಡು ಸಾಮಾನ್ಯವಾಗಿ ಹೆಂಗಸರ ಕೈ ಸೇರುತ್ತಿತ್ತು. ಬೆಳಗಿನ ಹಾಲು ಇಡಿಯಾಗಿ ಡೇರಿಗೆ ಹೋದಾಗ ಎರಡೂ ಮನೆಯಿಂದ ಹೊರಬೀಳುತ್ತವೆ. ಪ್ರತಿಯಾಗಿ ತಪ್ಪದ ಖರೀದಿ, ತೂಕದ ನಂಬಿಕೆ, ಬ್ಯಾಂಕಿಗೆ ಬೀಳುವ ಹಣ ಸಿಗುತ್ತವೆ. ಈ ವಿನಿಮಯ ನಷ್ಟದ್ದೆಂದು ಹೇಳಲಾಗದು, ಆದರೆ ಡೇರಿಯ ಲೆಕ್ಕಪತ್ರದಲ್ಲಿ ಮಜ್ಜಿಗೆಯ ಕಾಲಂ ಇಲ್ಲವೆಂಬುದೂ ಸತ್ಯ.

ಆಮದು ಸುಂಕ ಉಳಿಯಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಸುಂಕ ಕಾಯುವುದು ದೇಶದ ಜಿಡ್ಡಿನ ಒಟ್ಟು ಬೆಲೆಯನ್ನು. ಆ ಬೆಲೆ ಯಾರಿಗೆ ಎಷ್ಟು ಹಂಚಿಕೆಯಾಗಬೇಕೆಂಬುದನ್ನು ಅದು ನಿರ್ಧರಿಸದು. ಧಾರವಾಡಿ ಎಮ್ಮೆಯ ಹಾಲನ್ನು ಬೇರೆಯಾಗಿ ಸಂಗ್ರಹಿಸಿ, ಅದರ ತುಪ್ಪವನ್ನು ತಳಿಯ ಹೆಸರಿನಲ್ಲೇ ಮಾರುವ ವ್ಯವಸ್ಥೆಯನ್ನು ಒಕ್ಕೂಟ ಕೈಗೆತ್ತಿಕೊಳ್ಳಬೇಕು. ರಾಜ್ಯ ಸರ್ಕಾರ ಪ್ರೋತ್ಸಾಹಧನದ ಒಂದು ಪಾಲನ್ನಾದರೂ ಲೀಟರಿನ ಬದಲು ಜಿಡ್ಡಿನ ಕಿಲೊಗೆ ಕಟ್ಟಬೇಕು. ಇವೆರಡಕ್ಕೂ ದೆಹಲಿಯ ಅನುಮತಿ ಬೇಕಿಲ್ಲ, ಯಾವ ವಿದೇಶಿ ಒಪ್ಪಂದವೂ ಅಡ್ಡಬರುವುದಿಲ್ಲ.